ನೀರು ನಿಂತಷ್ಟು ಹೊತ್ತು

ಮೊದಲು ನಿಮ್ಮನ್ನು ಒಂದು ಮಾತು ಕೇಳುತ್ತೇನೆ. ಕಲ್ಪನೆಯ ಲೋಕದ ಕತೆ ಓದುವಾಗ ನಡುವೆ ಹಾಡು ಬಂದರೆ ನಿಮ್ಮಲ್ಲಿ ಎಷ್ಟು ಜನ ಹಾರಿಸಿ ಮುಂದೆ ಹೋಗುತ್ತೀರಿ? ಕೈ ಎತ್ತಿ, ಸಂಕೋಚ ಬೇಡ. ನೋಡಿ, ಅರ್ಧಕ್ಕಿಂತ ಜಾಸ್ತಿ ಕೈಗಳಿವೆ. ನನ್ನದೂ ಒಂದು ಸೇರಿಸಿಕೊಳ್ಳಿ. ಹಾಡು ಬರೆಯುವವನೇ ಹಾಡು ಹಾರಿಸಿ ಓದುತ್ತಾನೆ ಅಂದರೆ ಎಲ್ಲೋ ಏನೋ ಕೆಟ್ಟಿದೆ ಅಂತಲೇ ಅರ್ಥ.

ನನ್ನ ಕಾದಂಬರಿಗೆ ನಾನು ಬರೆದ ಮೊದಲ ಹಾಡಿನ ಒಂದು ಸಾಲು ಹೇಳುತ್ತೇನೆ, ನಗಬೇಡಿ: "ಯುಗಯುಗದ ಮೌನವೇ ಹರಿದು ಬಾ ತಾಯೆ ನೀ." ಇಂಥ ಇಪ್ಪತ್ತನಾಲ್ಕು ಸಾಲು ಇತ್ತು. ಮೌನ, ಬೆಳಕು, ಅನಂತ, ಎಲ್ಲವೂ ಹಾಜರು. ಊರವರೆಲ್ಲ ನದಿಯ ದಡದಲ್ಲಿ ಸಾಲಾಗಿ ನಿಂತು ಹಾಡುತ್ತಾರೆ, ಗಾಳಿ ಬೀಸುತ್ತದೆ, ಅಧ್ಯಾಯ ಮುಗಿಯುತ್ತದೆ. ಬರೆದಾಗ ನನಗೆ ಭಾರೀ ಖುಷಿ. ಗೆಳತಿಯೊಬ್ಬಳಿಗೆ ಓದಲು ಕೊಟ್ಟೆ. ಅವಳು ಹಾಡಿನ ಬಗ್ಗೆ ಒಂದೇ ಪ್ರಶ್ನೆ ಕೇಳಿದಳು. "ಇದನ್ನ ಹಾಡೋವಾಗ ಅವರ ಕೈ ಏನು ಮಾಡ್ತಿರುತ್ತೆ?"

ನನ್ನ ಹತ್ತಿರ ಉತ್ತರ ಇರಲಿಲ್ಲ. ಕೈಗಳು ಸುಮ್ನೆ ಇಳಿಬಿದ್ದಿದ್ದವು. ಅವರು ಓದುಗರಿಗೋಸ್ಕರ ಹಾಡುತ್ತಿದ್ದರು, ಅಷ್ಟೇ. ಇವತ್ತು ನಾನು ಹೇಳುವುದೆಲ್ಲ ಆ ಒಂದು ಪ್ರಶ್ನೆಯ ಹಿಂದೆ ಹೋದ ಕತೆ.

ನಿಜವಾದ ಲೋಕದ ಆಚರಣೆಗಳಲ್ಲಿ ಹಾಡಿನ ಸುತ್ತ ಎಷ್ಟೊಂದು ಕೆಲಸ ನಡೆಯುತ್ತದೆ ಅಂತ ಆಮೇಲೆ ಓದತೊಡಗಿದೆ. ಹಳೆಯ ರೋಮಿನದು ನೋಡಿ. ಮೊದಲನೆಯ ಶತಮಾನದ ಲೇಖಕ ಪ್ಲಿನಿ ಅಲ್ಲಿನ ಪ್ರಾರ್ಥನೆ ಹೇಗೆ ನಡೆಯುತ್ತಿತ್ತು ಅಂತ ಬರೆದಿದ್ದಾನೆ. ಪ್ರಾರ್ಥನೆ ಹೇಳುವವನಿಗೆ ಒಬ್ಬ ಬರಹ ನೋಡಿಕೊಂಡು ಪದ ಪದ ಹೇಳಿಕೊಡುತ್ತಾನೆ. ತಪ್ಪುತ್ತಿದೆಯೇ ಅಂತ ಕಾಯಲು ಇನ್ನೊಬ್ಬ. ಜನ ಮಾತಾಡದಂತೆ ನೋಡಿಕೊಳ್ಳಲು ಮತ್ತೊಬ್ಬ. ಇವರ ಜೊತೆಗೆ ಒಬ್ಬ ಕೊಳಲಿನವನು, ಪ್ರಾರ್ಥನೆ ಬಿಟ್ಟು ಬೇರೆ ಯಾವ ಸದ್ದೂ ಕಿವಿಗೆ ಬೀಳಬಾರದು ಅಂತ ಒಂದೇ ಸಮನೆ ಊದುವವನು! ಸಂಗೀತವನ್ನು ಗೋಡೆಯ ಹಾಗೆ ಬಳಸಿದ್ದಾರೆ. ಈ ವಿವರ ಓದಿದ ದಿನ ನನಗೆ ನಿದ್ದೆ ಬರಲಿಲ್ಲ. ಇಂಥ ಒಬ್ಬ ಕೊಳಲಿನವನು ನಮ್ಮ ಕತೆಯಲ್ಲಿ ಇದ್ದರೆ ಸಾಕು, ಆ ದೇವರ ಬಗ್ಗೆ ಎರಡು ಪುಟ ವಿವರಣೆ ಬೇಕಾಗಿಲ್ಲ. ಅಪಶಕುನದ ಒಂದು ಸೀನಿಗೂ ಹೆದರುವ ಜನ ಅವರು ಅಂತ ಓದುಗರಿಗೆ ತಾನಾಗಿ ಗೊತ್ತಾಗುತ್ತದೆ.

ಇನ್ನೊಂದು ಪಾಪುವಾ ನ್ಯೂಗಿನಿಯದು. ಅಲ್ಲಿನ ಬೊಸಾವಿ ಪ್ರದೇಶದ ಮಳೆಕಾಡಿನಲ್ಲಿ ಕಲುಲಿ ಅನ್ನುವ ಜನ ಇದ್ದಾರೆ. ಅವರಲ್ಲಿ ಗಿಸಾಲೋ ಎಂಬ ಆಚರಣೆ ಇತ್ತು. ಇದನ್ನು ಸ್ವಲ್ಪ ನಿಧಾನವಾಗಿ ಹೇಳುತ್ತೇನೆ, ಏಕೆಂದರೆ ನನ್ನ ತಲೆಯನ್ನು ಪೂರ್ತಿ ತಿರುಗಿಸಿದ್ದು ಇದು. ಒಂದು ಊರಿನವರು ಇನ್ನೊಂದು ಊರಿನವರ ಉದ್ದನೆಯ ಮನೆಗೆ ರಾತ್ರಿ ಅತಿಥಿಗಳಾಗಿ ಬರುತ್ತಾರೆ. ಅತಿಥಿಗಳಲ್ಲಿ ಒಬ್ಬ ಕುಣಿಯುತ್ತಾ ಹಾಡುತ್ತಾನೆ. ಹಾಡಿನಲ್ಲಿ ಇರುವುದು ಮನೆಯವರ ನೆಲದ ಜಾಗಗಳ ಹೆಸರು. ಇಂಥ ತೊರೆ, ಇಂಥ ಬೆಟ್ಟದ ಇಳಿಜಾರು, ಇಂಥ ಮರ. ಕೇಳುತ್ತ ಕೂತವರಿಗೆ ಆ ಜಾಗದಲ್ಲಿ ಓಡಾಡುತ್ತಿದ್ದ, ಈಗ ಇಲ್ಲದ ತಮ್ಮವರು ನೆನಪಾಗುತ್ತಾರೆ. ಅಳು ಬರುತ್ತದೆ. ಅಳುವವನು ಎದ್ದು ಬಂದು, ಉರಿಯುವ ಪಂಜು ತೆಗೆದುಕೊಂಡು, ಹಾಡುವವನ ಹೆಗಲಿಗೆ ಒತ್ತಿ ಸುಡುತ್ತಾನೆ. ಹಾಡುವವನು ನಿಲ್ಲಿಸುವುದಿಲ್ಲ, ಹಾಡುತ್ತಲೇ ಇರುತ್ತಾನೆ. ಬೆಳಗಾದ ಮೇಲೆ ಅತಿಥಿಗಳು ಅತ್ತವರಿಗೆ ಪರಿಹಾರ ಕೊಟ್ಟು ಹೋಗುತ್ತಾರೆ.

ಇದರಲ್ಲಿ ದುಃಖ ಅನ್ನುವ ಪದ ಹಾಡಬೇಕಾಗಿಲ್ಲ, ಗಮನಿಸಿದಿರಾ? ತೊರೆಯ ಹೆಸರು ಸಾಕು. ನನ್ನ ಇಪ್ಪತ್ತನಾಲ್ಕು ಸಾಲಿನಲ್ಲಿ ಒಂದು ತೊರೆಗೂ ಹೆಸರಿರಲಿಲ್ಲ. ಅನಂತಕ್ಕೆ ಮಾತ್ರ ನಾಲ್ಕು ಸಲ ಜಾಗ ಕೊಟ್ಟಿದ್ದೆ.

ಸರಿ, ಈಗ ನನ್ನ ಲೋಕಕ್ಕೆ ಬನ್ನಿ. ಅಲ್ಲಿ ಮರಳಿ ಅಂತ ಒಂದು ನದಿ ಇದೆ. ಆರು ತಿಂಗಳು ಮೂಡಣಕ್ಕೆ ಹರಿಯುತ್ತದೆ, ಆರು ತಿಂಗಳು ಪಡುವಣಕ್ಕೆ. ಹೆಸರಿನಲ್ಲಿ ಮರಳೂ ಇದೆ, ಮರಳುವುದೂ ಇದೆ, ಅದೊಂದು ಸಣ್ಣ ಕುಚೇಷ್ಟೆ. ನದಿ ತಿರುಗುವುದನ್ನು ನಾನು ಗಾಳಿಯಿಂದ ಹುಟ್ಟಿಸಿದೆ ಅಂದುಕೊಳ್ಳಬೇಡಿ. ಕಾಂಬೋಡಿಯದ ಟೋನ್ಲೆ ಸಾಪ್ ನದಿ ಪ್ರತಿ ವರ್ಷ ದಿಕ್ಕು ಬದಲಿಸುತ್ತದೆ. ಮಳೆಗಾಲದಲ್ಲಿ ಮೆಕಾಂಗ್ ಉಕ್ಕಿದಾಗ ನೀರು ಹಿಂದಕ್ಕೆ ನುಗ್ಗಿ, ಮೇಲಿರುವ ಸರೋವರವನ್ನು ಹಲವು ಪಟ್ಟು ಹಿಗ್ಗಿಸುತ್ತದೆ. ಮಳೆ ಮುಗಿದು ಮೆಕಾಂಗ್ ಇಳಿದ ಮೇಲೆ ಅದೇ ನೀರು ವಾಪಸ್ ಹರಿಯುತ್ತದೆ. ಆ ಹೊತ್ತಿಗೆ ಅಲ್ಲಿ ದೋಣಿ ಸ್ಪರ್ಧೆಗಳ ದೊಡ್ಡ ಹಬ್ಬವೇ ಇದೆ. ನಾನು ಸೇರಿಸಿದ್ದು ಇಷ್ಟು: ನನ್ನ ನದಿ ತಿರುಗುವ ಮೊದಲು ಸ್ವಲ್ಪ ಹೊತ್ತು ಪೂರ್ತಿ ನಿಲ್ಲುತ್ತದೆ. ಆಗ ನೀರು ಸೊಂಟದವರೆಗೆ ಮಾತ್ರ ಇರುತ್ತದೆ, ತಳದ ಕಲ್ಲುಗಳು ಕಾಲಿಗೆ ಸಿಗುತ್ತವೆ. ಆ ಆರು ತಿಂಗಳಲ್ಲಿ ಸತ್ತವರ ಬೂದಿಯನ್ನು ಮನೆಯವರು ಹೊತ್ತುಕೊಂಡು ಆ ದಡಕ್ಕೆ ಹೋಗಿ, ಅಲ್ಲಿ ಇಟ್ಟು ಬರಬೇಕು. ನದಿ ಮತ್ತೆ ಹೊರಡುವುದರೊಳಗೆ ಈ ದಡದಲ್ಲಿರಬೇಕು.

ಎಷ್ಟು ಹೊತ್ತು ನೀರು ನಿಂತಿರುತ್ತದೆ? ಆ ಊರಿನಲ್ಲಿ ಗಡಿಯಾರ ಇಲ್ಲ. ಗೆಳತಿಯ ಪ್ರಶ್ನೆಗೆ ಉತ್ತರ ಸಿಕ್ಕಿದ್ದು ಇಲ್ಲೇ. ನೀರು ಒಂದು ಹಾಡಿನಷ್ಟು ಹೊತ್ತು ನಿಲ್ಲುತ್ತದೆ. ಹಾಡೇ ಅವರ ಗಡಿಯಾರ. ಕೈಯಲ್ಲಿ ಬೂದಿಯ ಮಡಕೆ, ಕಾಲು ನೀರಿನಲ್ಲಿ, ಕಿವಿ ಹಾಡಿನ ಮೇಲೆ.

ಇದೂ ತೀರಾ ವಿಚಿತ್ರವೇನಲ್ಲ. ಗಡಿಯಾರ ಎಲ್ಲರ ಮನೆಗೆ ಬರುವ ಮೊದಲು ಜನ ಪ್ರಾರ್ಥನೆಗಳಿಂದ ಹೊತ್ತು ಅಳೆಯುತ್ತಿದ್ದರು. 1647ರಲ್ಲಿ ಚಿಲಿಯಲ್ಲಿ ಭೂಕಂಪ ಆಯಿತು. ಎಷ್ಟು ಹೊತ್ತು ನೆಲ ನಡುಗಿತು ಅಂತ ಬರೆದವರು, ಕ್ರೈಸ್ತರ 'ಕ್ರೇದೋ' ಎಂಬ ನಂಬಿಕೆಯ ಪಾಠವನ್ನು 2 ಸಲ ಹೇಳುವಷ್ಟು ಹೊತ್ತು ಅಂತ ಬರೆದಿದ್ದಾರೆ. ನೆಲ ನಡುಗುವಾಗ ಅವರ ಬಾಯಲ್ಲಿ ಬೇರೆ ಏನಿದ್ದೀತು ಹೇಳಿ!

ಹಾಡಿಗೆ ಕೆಲಸ ಸಿಕ್ಕಿದ ತಕ್ಷಣ ಒಂದು ಅನುಕೂಲ ಆಯಿತು. ಯಾವ ಸಾಲು ಇರಬೇಕು, ಯಾವುದು ಬೇಡ ಅಂತ ನಾನು ತಲೆ ಕೆಡಿಸಿಕೊಳ್ಳಬೇಕಾಗಿರಲಿಲ್ಲ. ನೀರಿನಲ್ಲಿ ಇರುವವರಿಗೆ ಏನು ಗೊತ್ತಾಗಬೇಕು? ಮುಂದಿನ ಕಲ್ಲು ಯಾವುದು, ಹೊತ್ತು ಇದೆಯೋ ಇಲ್ಲವೋ. ಅಷ್ಟೇ. ಮೌನ, ಅನಂತ ಎಲ್ಲ ನದಿಯಲ್ಲಿ ಕೊಚ್ಚಿ ಹೋದವು. ಮೊದಲ ಪದ್ಯ ಹೀಗಿದೆ:

ನಿಂತಿತು ನೀರೋ ನಿಂತಿತು ನೀರೋ
ಆಮೆಯ ಬೆನ್ನಿಗೆ ಕಾಲಿಡು ತಮ್ಮಾ
ಹೊತ್ತಿದೆ ತಮ್ಮಾ ಹೊತ್ತಿದೆ ತಂಗೀ

ಆಮೆ ಅನ್ನುವುದು ಮೊದಲ ಕಲ್ಲಿನ ಹೆಸರು. ಎರಡನೇ ಪದ್ಯದಲ್ಲಿ "ಅಜ್ಜಿಯ ಮಡಿಲಿಗೆ ಕಾಲಿಡು ತಂಗೀ." ಅದು ನಡುವೆ ತಗ್ಗಿರುವ ಚಪ್ಪಟೆ ಕಲ್ಲು. ಮೂರನೆಯದು ದೋರನ ಹೆಗಲು. ಅದಕ್ಕೆ ಆಮೇಲೆ ಬರುತ್ತೇನೆ. ನಾಲ್ಕನೆಯದು ನಡುಗಲ್ಲು. ಐದನೇ ಪದ್ಯ ಆ ದಡದಲ್ಲಿ. ಆಮೇಲೆ ವಾಪಸ್ ಬರುವ ದಾರಿ, ಅದೇ ಕಲ್ಲುಗಳು ಹಿಂದುಮುಂದಾಗಿ: ನಡುಗಲ್ಲು, ದೋರ, ಅಜ್ಜಿ, ಆಮೆ. ಒಟ್ಟು 9 ಪದ್ಯ.

ಹೀಗೆ ಹೋಗಿ ಹಾಗೇ ವಾಪಸ್ ಬರುವುದು ನೆನಪಿಗೆ ಒಳ್ಳೆಯದು. ವೇದಪಾಠದಲ್ಲಿ ಘನಪಾಠ ಅಂತ ಒಂದು ಕ್ರಮ ಇದೆಯಲ್ಲ, ಅದರಲ್ಲಿ ಪದಗಳನ್ನು 1-2, 2-1, 1-2-3, 3-2-1, 1-2-3 ಅಂತ ಮುಂದೆ ಹಿಂದೆ ಹೇಳುತ್ತಾರೆ. ಒಂದು ಪದ ಜಾರಿದರೆ ವಾಪಸ್ ಬರುವಾಗ ಸಿಕ್ಕಿಬೀಳುತ್ತದೆ. ಬರಹ ಇಲ್ಲದ ಜನಕ್ಕೆ ಹಾಡು ಕಟ್ಟುವಾಗ ಈ ಥರದ ಯಾವುದಾದರೂ ಬೀಗ ಇಡಿ. ತಲೆಮಾರುಗಳು ಇದನ್ನು ಹೇಗೆ ಕಾಪಾಡಿದವು ಅಂತ ಓದುಗರು ಕೇಳುವ ಮೊದಲೇ ಉತ್ತರ ಹಾಡಿನಲ್ಲೇ ಇರುತ್ತದೆ.

ಈಗ ಛಂದಸ್ಸು. ಹೆದರಬೇಡಿ, ಪರೀಕ್ಷೆ ಇಲ್ಲ. ನನ್ನ ಹಳೆಯ ಸಾಲನ್ನು ಲೆಕ್ಕ ಹಾಕಿ: ಯುಗಯುಗದ, ಮೌನವೇ, ಹರಿದು ಬಾ, ತಾಯೆ ನೀ. ಐದೈದು ಮಾತ್ರೆಯ ಗಣಗಳು. ಕೂತು ಹಾಡಲು ಇದು ಸೊಗಸು. ಆದರೆ ನಾನು ಕೋಣೆಯಲ್ಲಿ ಇದನ್ನು ಹಾಡುತ್ತಾ ನಡೆದು ನೋಡಿದೆ. ಒಂದೊಂದು ಮಾತ್ರೆಗೆ ಒಂದೊಂದು ಸಣ್ಣ ಹೆಜ್ಜೆ ಇಟ್ಟರೆ, ಮೊದಲ ಗಣ ಬಲಗಾಲಲ್ಲಿ ಶುರು, ಮುಂದಿನದು ಎಡಗಾಲಲ್ಲಿ. ಎಲ್ಲಿ ಒತ್ತಬೇಕು ಅಂತ ಕಾಲಿಗೇ ಗೊಂದಲ. ನಾಲ್ಕು ಮಾತ್ರೆಯ ಗಣ ಹಾಗಲ್ಲ, ಪ್ರತಿ ಸಲ ಅದೇ ಕಾಲಿಗೆ ಬರುತ್ತದೆ. ಮನುಷ್ಯನಿಗೆ ಎರಡು ಕಾಲು ಇರುವವರೆಗೂ ನಡೆಯುವ ಹಾಡಿಗೆ ನಾಲ್ಕೇ ಸರಿ ಅಂತ ನನ್ನ ಅನಿಸಿಕೆ. ಮೂರು ಕಾಲಿನ ಜನರ ಲೋಕ ಕಟ್ಟುವವರು ಯಾರಾದರೂ ಇದ್ದರೆ ಉತ್ಸಾಹ ರಗಳೆಯ ಮೂರು ಮಾತ್ರೆಯ ಗಣ ಕಾಯುತ್ತಿದೆ, ಬಳಸಿಕೊಳ್ಳಿ.

ಎಲ್ಲರೂ ಒಮ್ಮೆ ತೊಡೆ ತಟ್ಟಿ. ನಿಂತಿತು, ನೀರೋ, ನಿಂತಿತು, ನೀರೋ. ಸಾಲಿಗೆ 4 ಪೆಟ್ಟು. ಚೆನ್ನಾಗಿ ಬಂತು. ಈಗ ವಾಪಸ್ ಬರುವ ದಾರಿಯ ಏಳನೇ ಪದ್ಯದ ಕೊನೆಯ ಸಾಲಿಗೆ ತಟ್ಟಿ, ವೇಗ ಬದಲಿಸಬೇಡಿ:

ಹೊತ್ತಿಲ್ಲ ತಮ್ಮಾ ಹೊತ್ತಿಲ್ಲ ತಂಗೀ

ಎಡವಿದಿರಿ, ಅಲ್ವಾ? "ಹೊತ್ತಿದೆ" ನಾಲ್ಕು ಮಾತ್ರೆ. "ಹೊತ್ತಿಲ್ಲ" ಐದು. ಒಂದು ಜಾಸ್ತಿ. ಆರು ಪದ್ಯಗಳ ಕಾಲ ಕಾಲಿಗೆ ಒಂದು ಅಭ್ಯಾಸ ಮಾಡಿಸಿ, ಏಳನೆಯದರಲ್ಲಿ ಅದನ್ನು ಮುರಿದೆ. ನೀರಿನ ಸದ್ದಿನಲ್ಲಿ ಮಾತು ಕೇಳಿಸದಿದ್ದರೂ ಲಯ ಕುಂಟಿದ್ದು ಮೈಗೆ ಗೊತ್ತಾಗುತ್ತದೆ. ನದಿಯಲ್ಲಿರುವವರು ಓಡಲು ಶುರುಮಾಡುತ್ತಾರೆ. ಇದನ್ನು ಮೊದಲೇ ಯೋಜನೆ ಹಾಕಿ ಮಾಡಿದೆ ಅಂತ ಜಂಬ ಕೊಚ್ಚಿಕೊಳ್ಳಬಹುದಿತ್ತು. ನಿಜ ಹೇಳುತ್ತೇನೆ, ತಪ್ಪಾಗಿ ಬಂತು. ಸರಿಮಾಡಲು ಕೂತಾಗ ಇದನ್ನು ಹೀಗೇ ಬಿಡಬೇಕು ಅನಿಸಿತು.

ದೋರನ ಹೆಗಲಿಗೆ ಬರೋಣ. ಮೂರನೇ ಪದ್ಯದ ಸಾಲು "ದೋರನ ಹೆಗಲಿಗೆ ಕಾಲಿಡು ಯಾರೋ." ಆ ಕಲ್ಲು ಈಗ ನದಿಯಲ್ಲಿ ಇಲ್ಲ. ಯಾವಾಗಲೋ ಉರುಳಿಹೋಗಿದೆ. ದೋರ ಯಾರು ಅಂತಲೂ ಊರಲ್ಲಿ ಯಾರಿಗೂ ಗೊತ್ತಿಲ್ಲ. ಆದರೂ ಹಾಡುತ್ತಾರೆ. ಆ ಸಾಲು ಬಂದಾಗ ನೀರಿನಲ್ಲಿರುವ ಎಲ್ಲರೂ ಒಂದು ಉದ್ದ ಹೆಜ್ಜೆ ಹಾಕುತ್ತಾರೆ, ಅಜ್ಜಿಯ ಮಡಿಲಿನಿಂದ ಸೀದಾ ನಡುಗಲ್ಲಿಗೆ. ಕಾದಂಬರಿಯಲ್ಲಿ ಎಂಟು ವರ್ಷದ ಹುಡುಗಿ ಮೊದಲ ಸಲ ನದಿಗೆ ಇಳಿಯುತ್ತಾಳೆ. ಅವಳ ಕಾಲು ಚಿಕ್ಕದು. ಆ ಹೆಜ್ಜೆ ಅವಳಿಗೆ ಎಟುಕುವುದಿಲ್ಲ. ಆಗ ಪಕ್ಕದಲ್ಲಿದ್ದ, ಅವಳಿಗೆ ಪರಿಚಯವೇ ಇಲ್ಲದ ಮುದುಕ ಏನೂ ಮಾತಾಡದೆ ಬಗ್ಗುತ್ತಾನೆ. ಅವಳು ಅವನ ಹೆಗಲ ಮೇಲೆ ಕಾಲಿಡುತ್ತಾಳೆ. ಇಡೀ ಕಾದಂಬರಿಯಲ್ಲಿ ನನಗೆ ಪೂರ್ತಿ ಸಮಾಧಾನ ಇರುವುದು ಆ ಒಂದು ಪುಟದ ಬಗ್ಗೆ. ಸಾಲಿನ ಕೊನೆಯಲ್ಲಿ "ಯಾರೋ" ಅಂತ ಹಾಕಿದ್ದು ನಾಲ್ಕು ಮಾತ್ರೆ ತುಂಬಿಸಲು. ಮುದುಕ ಬಂದಿದ್ದು ಆ ಪದದಿಂದ. ಹೆಗಲು ಬಂದಿದ್ದು ಕಲುಲಿ ಹಾಡುಗಾರನ ಸುಟ್ಟ ಹೆಗಲಿನಿಂದಲೇ ಇರಬೇಕು. ಬರೆಯುವಾಗ ನನಗೆ ಹೊಳೆದಿರಲಿಲ್ಲ.

ಅರ್ಥ ಗೊತ್ತಿಲ್ಲದೆ ಜನ ಹಾಡುತ್ತಾರಾ ಅಂತ ಕೆಲವರು ಕೇಳಿದ್ದುಂಟು. ಹಾಡುತ್ತಾರೆ. ಮತ್ತೆ ರೋಮಿಗೇ ಹೋಗಬೇಕು. ಅಲ್ಲಿ ಸಾಲಿ ಅಂತ ಪುರೋಹಿತರ ಒಂದು ಗುಂಪು ಇತ್ತು, ಗುರಾಣಿ ಹಿಡಿದು ಕುಪ್ಪಳಿಸುತ್ತಾ ಹಾಡುವವರು. ಅವರ ಹಾಡು ಅವರಿಗೇ ಸರಿಯಾಗಿ ತಿಳಿಯುವುದಿಲ್ಲ, ಆದರೆ ಧರ್ಮ ಅದನ್ನು ಬದಲಿಸಲು ಬಿಡುವುದಿಲ್ಲ ಅಂತ ಮೊದಲನೆಯ ಶತಮಾನದ ಕ್ವಿಂಟಿಲಿಯನ್ ಬರೆದಿದ್ದಾನೆ. ಅದೇ ಊರಿನ ಆರ್ವಲ್ ಸಹೋದರರು ಅನ್ನುವ ಇನ್ನೊಂದು ಗುಂಪಿನ ಹಾಡು ಕಲ್ಲಿನಲ್ಲಿ ಉಳಿದಿದೆ. ಕೆತ್ತಿದ್ದು ಕ್ರಿ.ಶ. 218ರ ಸುಮಾರಿಗೆ, ಸಿಕ್ಕಿದ್ದು 1778ರಲ್ಲಿ. ಭಾಷೆ ಕೆತ್ತಿದ ಕಾಲಕ್ಕೇ ಬಹಳ ಹಳೆಯದು. ಬಾಗಿಲು ಮುಚ್ಚಿಕೊಂಡು, ಪುಸ್ತಕ ಕೈಯಲ್ಲಿ ಹಿಡಿದು, ಹೆಜ್ಜೆ ಹಾಕುತ್ತಾ ಹಾಡಿದರು ಅಂತ ಆ ಕಲ್ಲೇ ಹೇಳುತ್ತದೆ. ಪ್ರತಿ ಸಾಲೂ 3 ಸಲ, ಕೊನೆಯಲ್ಲಿ "ತ್ರಿಉಂಪೆ" ಅನ್ನುವ ಕೂಗು 5 ಸಲ. ನನಗೆ ಇಷ್ಟವಾದದ್ದು ಏನು ಗೊತ್ತಾ? ಅದೇ ಸಾಲನ್ನು ಮೂರು ಸಲ ಕೆತ್ತುವಾಗ ಅಕ್ಷರಗಳು ಅಲ್ಲಲ್ಲಿ ಬೇರೆ ಬೇರೆ ಆಗಿವೆ. ಕೆತ್ತಿದವನಿಗೂ ಅದು ಪೂರ್ತಿ ತಿಳಿದಿರಲಿಲ್ಲ ಅಂತ ಕಾಣುತ್ತದೆ. ಸಾಮವೇದದ ಗಾನದಲ್ಲಿ ಸ್ತೋಭಗಳು ಇವೆಯಲ್ಲ, ಹಾಉ, ಹೋಇ ಅಂತ, ಅವುಗಳಿಗೂ ನಿಘಂಟಿನ ಅರ್ಥ ಹುಡುಕಬೇಕಾಗಿಲ್ಲ.

ಹಾಡು ಸವೆಯುವುದಕ್ಕೆ ಯಾವಾಗಲೂ ದೊಡ್ಡ ಕಾರಣವೇ ಬೇಕಾಗಿಲ್ಲ ಅನ್ನುವುದಕ್ಕೆ ಒಂದು ಪುಟ್ಟ ಕತೆ. ಸೈಕಿಲೋಸ್ ಎಂಬವನು ನಿಲ್ಲಿಸಿದ ಗೋರಿಗಲ್ಲು ಒಂದಿದೆ, ಸುಮಾರು ಮೊದಲ ಅಥವಾ ಎರಡನೇ ಶತಮಾನದ್ದು. ಅದರ ಮೇಲೆ ಗ್ರೀಕ್ ಹಾಡು, ಮೇಲೆ ಸ್ವರಗಳ ಗುರುತು. ಸ್ವರಸಹಿತ ಪೂರ್ತಿಯಾಗಿ ಉಳಿದಿರುವ ಹಾಡುಗಳಲ್ಲಿ ಎಲ್ಲಕ್ಕಿಂತ ಹಳೆಯದು ಅಂತ ಇದನ್ನೇ ಹೇಳುತ್ತಾರೆ. 1880ರ ದಶಕದಲ್ಲಿ ಈಗಿನ ಟರ್ಕಿಯಲ್ಲಿ ಅದು ಸಿಕ್ಕಾಗ, ಆ ಕಂಬ ಹೂಕುಂಡ ಇಡಲು ಅನುಕೂಲ ಅಂತ ಬುಡವನ್ನು ಸಮ ಮಾಡಿಸಿದರು. ಬರಹದ ಕೊನೆಯ ಸಾಲು ಆ ಉಜ್ಜುವಿಕೆಯಲ್ಲಿ ಹೋಯಿತು. ಯುದ್ಧ, ಬೆಂಕಿ, ಪ್ರಳಯ ಯಾವುದೂ ಬೇಕಾಗಲಿಲ್ಲ, ಒಂದು ಹೂಕುಂಡ ಸಾಕಾಯಿತು. ನಿಮ್ಮ ಲೋಕದಲ್ಲಿ ಕಳೆದುಹೋದ ಸಾಲುಗಳಿದ್ದರೆ, ದಯವಿಟ್ಟು ಪ್ರತಿ ಸಲವೂ ರಾಕ್ಷಸರನ್ನು ಕರೆಸಬೇಡಿ.

ತಪ್ಪಿನ ಬಗ್ಗೆ, ನಿಷೇಧದ ಬಗ್ಗೆ ಬೇಗ ಹೇಳಿ ಮುಗಿಸುತ್ತೇನೆ. ಯಾರು ಹಾಡಬಾರದು, ಯಾವಾಗ ಹಾಡಬಾರದು, ತಪ್ಪಿದರೆ ಏನು ಅನ್ನುವುದು ಗೊತ್ತಿರಬೇಕು. ಅಮೆರಿಕದ ನವಾಹೋ ಜನರ ರಾತ್ರಿ ಹಾಡಿನ ಆಚರಣೆ 9 ರಾತ್ರಿ ನಡೆಯುತ್ತದೆ, ಹಾವುಗಳು ನಿದ್ದೆ ಹೋದ ಚಳಿಗಾಲದಲ್ಲಿ ಮಾತ್ರ. ನೋಡಿ, ಒಂದೇ ನಿಯಮ, ಅದರಲ್ಲಿ ಋತು ಬಂತು, ಪ್ರಾಣಿ ಬಂತು, ಹೆದರಿಕೆ ಬಂತು. ನನ್ನ ಊರಿನ ನಿಯಮ ಸರಳ: ಬೇರೆ ದಿನ ಈ ಹಾಡನ್ನು ಪೂರ್ತಿ ಹಾಡಬಾರದು. ಮಕ್ಕಳಿಗೆ ಕಲಿಸುವಾಗ ಕೊನೆಯ ಪದ್ಯ ಬಿಟ್ಟು ಕಲಿಸುತ್ತಾರೆ. ಪೂರ್ತಿ ಹಾಡಿದರೆ ನದಿ ಹೊರಟುಬಿಡುತ್ತದೆ ಅನ್ನುವ ಭಯ. ಹಾಗಾಗಿ ಆಮೆಯ ಕಲ್ಲಿಗೆ ಮರಳುವ ಒಂಬತ್ತನೇ ಪದ್ಯವನ್ನು ಪ್ರತಿಯೊಬ್ಬರೂ ಮೊದಲ ಸಲ ಕಲಿಯುವುದು ನೀರಿನಲ್ಲೇ.

ಹೊಸ ಭಾಷೆ ಹುಟ್ಟಿಸಿ ಅದರಲ್ಲೇ ಹಾಡು ಬರೆಯಬೇಕೇ ಅಂತ ಮುಂದಿನ ಸಾಲಿನಿಂದ ಚೀಟಿ ಬಂದಿದೆ. ನನ್ನ ಮಟ್ಟಿಗೆ ಬೇಡ. ಒಂದೆರಡು ಸವೆದ ಪದ ಸಾಕು. ಇಡೀ ಹಾಡು ತಿಳಿಯದ ಭಾಷೆಯಲ್ಲಿದ್ದರೆ, ಆ ಊರವರಿಗೆ ಯಾವ ಪದ ತಿಳಿಯುವುದಿಲ್ಲ ಅನ್ನುವುದೇ ಓದುಗರಿಗೆ ಗೊತ್ತಾಗುವುದಿಲ್ಲ. ಸುತ್ತ ಎಲ್ಲವೂ ತಿಳಿದರೆ ತಾನೇ "ದೋರ" ಕಾಲಿಗೆ ತಾಗುವುದು?

ಐದನೇ ಪದ್ಯದ ಬಗ್ಗೆ ನಾನು ಹೇಳಲಿಲ್ಲ ಅಂತ ನಿಮ್ಮಲ್ಲಿ ಕೆಲವರಾದರೂ ಗಮನಿಸಿರುತ್ತೀರಿ. ಅದನ್ನು ಹಾಡುವುದು ದಾಟಿ ಹೋದವರು ಮಾತ್ರ, ಆ ದಡದಲ್ಲಿ. ಈ ದಡದವರು ಆಗ ಸುಮ್ಮನಿರುತ್ತಾರೆ. ಒಬ್ಬ ಡೋಲು ಬಡಿಯುತ್ತಾನೆ, 3 ಸಾಲಿಗೆ ನಾಲ್ಕು ನಾಲ್ಕರಂತೆ 12 ಪೆಟ್ಟು. ಕತೆ ಹೇಳುವ ಹುಡುಗಿ ಆ ವರ್ಷ ಆಚೆ ದಡ ಮುಟ್ಟುವುದಿಲ್ಲ, ಮುದುಕನ ಜೊತೆ ನಡುಗಲ್ಲಿನ ಮೇಲೇ ನಿಲ್ಲುತ್ತಾಳೆ. ಹಾಗಾಗಿ ಪುಸ್ತಕದಲ್ಲಿ ಆ ಜಾಗದಲ್ಲಿ ಪೆಟ್ಟುಗಳು ಮಾತ್ರ ಇವೆ. ಪದ್ಯ ನಾನು ಬರೆದಿದ್ದೇನೆ, ನೋಟ್‌ಬುಕ್ಕಿನಲ್ಲಿದೆ.

ಪುಸ್ತಕ ಬಂದ ಮೇಲೆ ಓದುಗರೊಬ್ಬರು ಆ ಐದನೇ ಪದ್ಯವನ್ನು ತಾವೇ ಬರೆದು ಕಳಿಸಿದರು. ಮಾತ್ರೆ ಎಣಿಸಿ ನೋಡಿದೆ, ಎಲ್ಲ ನಾಲ್ಕು ನಾಲ್ಕು, ಅಚ್ಚುಕಟ್ಟು. ಎರಡನೇ ಸಾಲಿನ ಕೊನೆಯ ಗಣ ಮಾತ್ರ ಇರಲಿಲ್ಲ. ಮರೆತಿರಬೇಕು ಅಂದುಕೊಂಡೆ. ಹಾಳೆಯನ್ನು ಬೆಳಕಿಗೆ ಹಿಡಿದಾಗ ಆ ಖಾಲಿ ಜಾಗದಲ್ಲಿ ಪೆನ್ಸಿಲಿನಲ್ಲಿ ಸಣ್ಣದಾಗಿ ಬರೆದಿದ್ದು ಕಂಡಿತು: "ಇಲ್ಲಿ ಹೆಸರು."

ನನ್ನ ನೋಟ್‌ಬುಕ್ಕಿನ ಪದ್ಯದಲ್ಲಿ ಆ ಜಾಗ ಇರಲಿಲ್ಲ. ಅವತ್ತು ರಾತ್ರಿ ಒಂದು ಗಣ ಹೊಡೆದುಹಾಕಿದೆ.